ಪ್ರತಿ ಸಲ ಬೇರೆ ಬೇರೆ ಫೈಲ್: ಗೇಮ್ ವೆರಿಫಿಕೇಶನ್ ಫೇಲ್ ಆಗುತ್ತಿದ್ದ ಒಂದು ಪ್ರಕರಣ

ಅಕ್ಕನ ಮಗ ಫೋನ್ ಮಾಡಿದಾಗ ಅವನ ದನಿಯಲ್ಲೇ ಸುಸ್ತು ಗೊತ್ತಾಗುತ್ತಿತ್ತು. "ಮಾಮ, ಎರಡು ದಿನದಿಂದ ಗೇಮ್ ಓಪನ್ನೇ ಆಗ್ತಿಲ್ಲ. ವೆರಿಫೈ ಮಾಡ್ತೀನಿ, ಸರಿ ಹೋಯ್ತು ಅನ್ನುತ್ತೆ. ಓಪನ್ ಮಾಡಿದ್ರೆ ಮತ್ತೆ ಅದೇ."

ಅವನಿಗೆ ಬರುತ್ತಿದ್ದ ಸಂದೇಶ ಇಷ್ಟೇ: ಕೆಲವು ಫೈಲ್‌ಗಳು ಹಾಳಾಗಿವೆ ಅಥವಾ ಕಾಣೆಯಾಗಿವೆ, ಒಮ್ಮೆ ವೆರಿಫೈ ಮಾಡಿ. ಅವನು ಅದನ್ನೇ ಮಾಡಿದ್ದ. ಒಂದಲ್ಲ, ಏಳೆಂಟು ಸಲ. ಆಮೇಲೆ ಗೇಮನ್ನೇ ತೆಗೆದುಹಾಕಿ, ಸುಮಾರು 90 ಜಿಬಿಯನ್ನು ರಾತ್ರಿಯೆಲ್ಲಾ ಮತ್ತೆ ಇಳಿಸಿಕೊಂಡಿದ್ದ. ಬೆಳಿಗ್ಗೆ ಒಂದು ಸಲ ಗೇಮ್ ಶುರುವಾಯಿತು, ಇಪ್ಪತ್ತು ನಿಮಿಷ ಆಡಿದ. ಮತ್ತೆ ಮಧ್ಯಾಹ್ನ ಅದೇ ಸಂದೇಶ.

ಈ ಪ್ರಕರಣ ಬಗೆಹರಿಯಲು ಒಂಬತ್ತು ದಿನ ಹಿಡಿಯಿತು. ನಾವು ಎಲ್ಲಿ ದಾರಿ ತಪ್ಪಿದೆವು, ಯಾವ ಸುಳಿವು ಸಿಕ್ಕಿತು, ಎಲ್ಲವನ್ನೂ ಬರೆದಿಡುತ್ತಿದ್ದೇನೆ. ಇಂಥ ತೊಂದರೆಯಲ್ಲಿ ಸಿಕ್ಕಿಕೊಂಡವರು ಹೆಚ್ಚಾಗಿ ವೆರಿಫೈ ಬಟನ್ ಒತ್ತುತ್ತಲೇ ಇರುತ್ತಾರೆ. ಕೆಲವೊಮ್ಮೆ ಹಾಗೆ ಒತ್ತುವುದರಿಂದಲೇ ಇನ್ನಷ್ಟು ಹಾಳಾಗುತ್ತದೆ. ಅದು ನನಗೂ ಆಗ ಹೊಳೆದಿರಲಿಲ್ಲ.

ವೆರಿಫೈ ಅಂದರೆ ಒಳಗೆ ಏನು ನಡೆಯುತ್ತದೆ

ಗೇಮ್ ಮಾಡಿದವರು ಪ್ರತಿ ಫೈಲ್‌ಗೂ ಒಂದು ಹ್ಯಾಶ್, ಅಂದರೆ ಫೈಲ್‌ನ ಬೆರಳಚ್ಚಿನಂಥ ಒಂದು ಸಂಖ್ಯೆ, ಲೆಕ್ಕ ಹಾಕಿ ಇಟ್ಟಿರುತ್ತಾರೆ. ಫೈಲ್ ಎಷ್ಟೇ ದೊಡ್ಡದಿರಲಿ, ಹ್ಯಾಶ್ ಮಾತ್ರ ಒಂದೇ ಅಳತೆಯದು. ಲೆಕ್ಕ ಹಾಕುವ ವಿಧಾನ ಎಸ್‌ಎಚ್‌ಎ1 ಆದರೆ 160 ಬಿಟ್, ಎಸ್‌ಎಚ್‌ಎ256 ಆದರೆ 256 ಬಿಟ್. ಫೈಲ್‌ನ ಒಳಗೆ ಒಂದೇ ಒಂದು ಬಿಟ್ ಬದಲಾದರೂ ಹ್ಯಾಶ್ ಪೂರ್ತಿ ಬೇರೆಯಾಗುತ್ತದೆ. ಈ ಹ್ಯಾಶ್‌ಗಳ ಪಟ್ಟಿಗೆ ಮ್ಯಾನಿಫೆಸ್ಟ್ ಅನ್ನುತ್ತಾರೆ. ವೆರಿಫೈ ಒತ್ತಿದಾಗ ಲಾಂಚರ್ (ಗೇಮ್ ಇಳಿಸಿ ತೆರೆಯುವ ಸಾಫ್ಟ್‌ವೇರ್) ನಿಮ್ಮ ಡ್ರೈವ್‌ನಲ್ಲಿರುವ ಫೈಲ್‌ಗಳನ್ನು ಮೊದಲಿಂದ ಕೊನೆಯವರೆಗೆ ಓದಿ, ಲೆಕ್ಕ ಹಾಕಿ, ಪಟ್ಟಿಯ ಜೊತೆ ತಾಳೆ ನೋಡುತ್ತದೆ. ತಾಳೆಯಾಗದ ಭಾಗವನ್ನು ಮತ್ತೆ ಇಳಿಸಿಕೊಳ್ಳುತ್ತದೆ. ಸ್ಟೀಮ್‌ನಂಥ ಲಾಂಚರ್ ಫೈಲನ್ನು ಸುಮಾರು 1 ಎಂಬಿಯ ತುಂಡುಗಳಾಗಿ ನೋಡುತ್ತದೆ. ಹಾಗಾಗಿ 6 ಜಿಬಿ ಫೈಲ್ ಕೆಟ್ಟಿದ್ದರೂ ಒಂದೆರಡು ಎಂಬಿ ಮಾತ್ರ ಡೌನ್‌ಲೋಡ್ ಆಗಿ ಮುಗಿದುಬಿಡಬಹುದು.

ಇದರ ಜೊತೆಗೆ ಕೆಲವು ಗೇಮ್‌ಗಳು ಶುರುವಾಗುವಾಗ ತಾವೇ ಇನ್ನೊಂದು ಪರೀಕ್ಷೆ ಮಾಡಿಕೊಳ್ಳುತ್ತವೆ. ಆಂಟಿ ಚೀಟ್ (ಮೋಸದಾಟ ತಡೆಯುವ ಸಾಫ್ಟ್‌ವೇರ್) ಇದ್ದರೆ ಅದೂ ಒಂದು ಸಲ ನೋಡುತ್ತದೆ. ಲಾಂಚರ್ "ಎಲ್ಲ ಸರಿ ಇದೆ" ಅಂದಮೇಲೂ ಗೇಮ್ "ಸರಿ ಇಲ್ಲ" ಅನ್ನುವುದು ಇದರಿಂದಲೇ. ಎರಡೂ ಬೇರೆ ಬೇರೆ ಹೊತ್ತಿನಲ್ಲಿ, ಬೇರೆಯಾಗಿ ಓದಿ ಹೇಳಿದ ಮಾತುಗಳು.

ಮೊದಲ ನಾಲ್ಕು ದಿನ

ಫೋನ್‌ನಲ್ಲೇ ಮಾಮೂಲಿ ಕಾರಣಗಳನ್ನೆಲ್ಲ ನೋಡಿದೆವು. ವಿಂಡೋಸ್ ಸೆಕ್ಯೂರಿಟಿಯ ಪ್ರೊಟೆಕ್ಷನ್ ಹಿಸ್ಟರಿ ತೆರೆಸಿದೆ. ಆಂಟಿವೈರಸ್ ಗೇಮ್‌ನ ಯಾವುದಾದರೂ ಫೈಲನ್ನು ಎತ್ತಿ ಬೇರೆಡೆ ಇಟ್ಟಿದ್ದರೆ ಅಲ್ಲಿ ಕಾಣಬೇಕು. ಏನೂ ಇರಲಿಲ್ಲ. ಫೋಲ್ಡರ್‌ಗೆ ಬರೆಯುವುದನ್ನು ತಡೆಯುವ ಕಂಟ್ರೋಲ್ಡ್ ಫೋಲ್ಡರ್ ಆಕ್ಸೆಸ್ ಆಫ್ ಇತ್ತು. ಡ್ರೈವ್‌ನಲ್ಲಿ 200 ಜಿಬಿಗಿಂತ ಜಾಸ್ತಿ ಜಾಗ ಖಾಲಿ ಇತ್ತು.

ಮಾಡ್‌ಗಳನ್ನು (ಗೇಮನ್ನು ಬದಲಾಯಿಸಲು ಬೇರೆಯವರು ಮಾಡಿದ ಫೈಲ್‌ಗಳು) ಹಾಕಿದ್ದನಾ ಅಂತ ಕೇಳಿದೆ. ಹಿಂದೆ ಒಂದು ಹಾಕಿದ್ದನಂತೆ. ವೆರಿಫೈ ಮಾಡಿದರೆ ಕೆಟ್ಟ ಫೈಲ್ ಸರಿಯಾಗುತ್ತದೆ, ಆದರೆ ಪಟ್ಟಿಯಲ್ಲೇ ಇಲ್ಲದ ಹೆಚ್ಚುವರಿ ಫೈಲ್‌ಗಳು ಸಾಮಾನ್ಯವಾಗಿ ಹಾಗೇ ಉಳಿಯುತ್ತವೆ. ಗೇಮ್ ತೆಗೆದರೂ ಅದರ ಫೋಲ್ಡರ್‌ನಲ್ಲಿ ಅವು ಕೂತಿರುತ್ತವೆ. ಆ ಫೋಲ್ಡರನ್ನೇ ಅಳಿಸಿಸಿದೆ. ಉಪಯೋಗವಾಗಲಿಲ್ಲ.

ನಾಲ್ಕನೇ ದಿನ ನಾನು "ಬಹುಶಃ ಎಸ್‌ಎಸ್‌ಡಿ ಹೋಗಿದೆ ಕಣೋ" ಅಂದೆ. ಅವನ ಗೆಳೆಯರೂ ಅದನ್ನೇ ಹೇಳಿದ್ದರು. ಹೊಸದನ್ನು ತರಿಸಲು ಅವನು ತಯಾರಾಗಿಬಿಟ್ಟಿದ್ದ. ಒಂದು ದಿನ ತಡಿ ಅಂದೆ. ಅಷ್ಟು ಮಾತ್ರ ಸರಿಯಾಗಿ ಹೇಳಿದ್ದು.

ಫೈಲ್‌ಗಳ ಹೆಸರು ಬರೆಸಿದ ಮೇಲೆ

ಐದನೇ ದಿನ ಅವನಿಗೆ ಒಂದು ಕೆಲಸ ಕೊಟ್ಟೆ. ಗೇಮ್ ಮುಟ್ಟಬೇಡ, ಸುಮ್ನೆ ವೆರಿಫೈ ಮಾಡು, ಫೇಲ್ ಆದ ಫೈಲ್‌ಗಳ ಹೆಸರನ್ನು ಲಾಂಚರ್‌ನ ಲಾಗ್‌ನಿಂದ ನೋಡಿ ಬರೆದಿಡು. ನಾಲ್ಕು ಸಲ ಮಾಡು.

ಸಂಜೆ ಪಟ್ಟಿ ಕಳಿಸಿದ. ಮೊದಲ ಸುತ್ತಿನಲ್ಲಿ ಎರಡು ಫೈಲ್. ಎರಡನೆಯದರಲ್ಲಿ ಒಂದು, ಅದು ಮೊದಲಿನ ಎರಡರಲ್ಲಿ ಯಾವುದೂ ಅಲ್ಲ. ಮೂರನೆಯದರಲ್ಲಿ ಒಂದೂ ಇಲ್ಲ. ನಾಲ್ಕನೆಯದರಲ್ಲಿ ನಾಲ್ಕು, ಎಲ್ಲವೂ ಹೊಸವು.

ಈ ಪಟ್ಟಿ ನೋಡಿ ನಾನು ಎದ್ದು ಕೂತೆ. ಮೂರು ಸುತ್ತಿನಲ್ಲಿ ಪಾಸಾದ ಫೈಲ್ ನಾಲ್ಕನೆಯದರಲ್ಲಿ ಫೇಲ್ ಆಗಿದೆ. ನಡುವೆ ಅದನ್ನು ಯಾರೂ ಬದಲಾಯಿಸಿಲ್ಲ. ಫೈಲ್‌ನ ಮಾಡಿಫೈಡ್ ಸಮಯ ಹಳೆಯದೇ ಇದೆ. ಹಾಗಾದರೆ ಕೆಟ್ಟಿದ್ದು ಫೈಲಾ, ಅಥವಾ ಅದನ್ನು ಓದಿದ ರೀತಿಯಾ?

ನನ್ನ ಅನುಭವದಲ್ಲಿ ಇಂಥ ತೊಂದರೆಯಲ್ಲಿ ಮೊದಲು ಕೇಳಬೇಕಾದ ಪ್ರಶ್ನೆ ಇದೇ: ಪ್ರತಿ ಸಲ ಅದೇ ಫೈಲಾ, ಬೇರೆ ಬೇರೆಯಾ? ಪ್ರತಿ ಸಲ ಒಂದೇ ಫೈಲ್ ಫೇಲ್ ಆದರೆ ತೊಂದರೆ ಆ ಫೈಲ್‌ನ ಸುತ್ತಲೇ ಇದೆ. ಆಂಟಿವೈರಸ್ ಅದನ್ನು ತೆಗೆಯುತ್ತಿರಬಹುದು, ಮಾಡ್ ಅದನ್ನು ತಿದ್ದಿರಬಹುದು, ಡ್ರೈವ್‌ನಲ್ಲಿ ಆ ಜಾಗವೇ ಕೆಟ್ಟಿರಬಹುದು. ಅಥವಾ ಅದು ನಿಮ್ಮ ಸೆಟ್ಟಿಂಗ್ಸ್ ಇಟ್ಟುಕೊಳ್ಳುವ ಫೈಲ್ ಆಗಿರಬಹುದು. ಸ್ಟೀಮ್‌ನಲ್ಲಿ ಒಂದು ಫೈಲ್ ಪಾಸಾಗಲಿಲ್ಲ ಅಂತ ಬಂದರೆ ಎಷ್ಟೋ ಸಲ ಅದು ಇಂಥ ಸೆಟ್ಟಿಂಗ್ಸ್ ಫೈಲ್. ಅದಕ್ಕೆ ತಲೆ ಕೆಡಿಸಿಕೊಳ್ಳಬೇಕಿಲ್ಲ. ಆದರೆ ಫೈಲ್ ಪ್ರತಿ ಸಲ ಬದಲಾಗುತ್ತಿದ್ದರೆ ಗೇಮನ್ನು ಬಿಟ್ಟು ಕಂಪ್ಯೂಟರ್ ಕಡೆ ತಿರುಗಬೇಕು.

ರೀಸ್ಟಾರ್ಟ್ ಹೇಳಿದ ಸುಳಿವು

ಲಾಂಚರ್ ಬೇಡ, ನಾವೇ ಹ್ಯಾಶ್ ತೆಗೆಯೋಣ ಅಂದೆ. ವಿಂಡೋಸ್‌ನಲ್ಲಿ ಇದಕ್ಕೆ ಬೇರೆ ಸಾಫ್ಟ್‌ವೇರ್ ಬೇಕಿಲ್ಲ. ಪವರ್‌ಶೆಲ್ ತೆರೆದು ಗೆಟ್-ಫೈಲ್‌ಹ್ಯಾಶ್ ಅನ್ನೋ ಕಮಾಂಡ್ ಕೊಟ್ಟು, ಮುಂದೆ ಫೈಲ್ ಇರುವ ಜಾಗ ಬರೆದರೆ ಎಸ್‌ಎಚ್‌ಎ256 ಹ್ಯಾಶ್ ಬರುತ್ತದೆ. ಗೇಮ್‌ನ 6 ಜಿಬಿಯ ಒಂದು ಫೈಲ್ ಆರಿಸಿಕೊಂಡೆವು.

ಐದು ಸಲ ತೆಗೆದ. ಐದೂ ಒಂದೇ. "ಫೈಲ್ ಸರಿ ಇದೆ ಅಲ್ವಾ ಮಾಮ?" ಅಂದ. ನನಗೂ ಒಂದು ಗಳಿಗೆ ಹಾಗೇ ಅನ್ನಿಸಿತು. ರೀಸ್ಟಾರ್ಟ್ ಮಾಡಿ ಮತ್ತೆ ಐದು ಸಲ ತೆಗಿ ಅಂದೆ. ಈ ಐದೂ ಒಂದೇ ಬಂದವು. ಆದರೆ ಹಿಂದಿನ ಐದರ ಹಾಗೆ ಇರಲಿಲ್ಲ! ಇನ್ನೊಮ್ಮೆ ರೀಸ್ಟಾರ್ಟ್. ಈಗ ಮತ್ತೆ ಮೊದಲಿನ ಹ್ಯಾಶ್.

ಇದು ಬಹಳ ಬೆಲೆಯುಳ್ಳ ಸುಳಿವು. ವಿಂಡೋಸ್ ಒಂದು ಫೈಲನ್ನು ಮೊದಲ ಸಲ ಡ್ರೈವ್‌ನಿಂದ ಓದಿದಾಗ ಅದನ್ನು ಖಾಲಿ ಇರುವ ರ‍್ಯಾಮ್‌ನಲ್ಲಿ ಇಟ್ಟುಕೊಳ್ಳುತ್ತದೆ. ಎರಡನೇ ಸಲ ಕೇಳಿದರೆ ಡ್ರೈವ್ ತನಕ ಹೋಗುವುದೇ ಇಲ್ಲ, ರ‍್ಯಾಮ್‌ನಲ್ಲಿರುವ ಪ್ರತಿಯನ್ನೇ ಕೊಡುತ್ತದೆ. ಅವನ ಕಂಪ್ಯೂಟರ್‌ನಲ್ಲಿ ರ‍್ಯಾಮ್ 32 ಜಿಬಿ, ಫೈಲ್ 6 ಜಿಬಿ. ಪೂರ್ತಿ ಹಿಡಿಯುತ್ತದೆ. ಮೊದಲ ಸಲ ಒಳಗೆ ಬರುವಾಗಲೇ ಒಂದು ಬಿಟ್ ತಿರುಗಿಬಿದ್ದರೆ, ಮುಂದಿನ ಪ್ರತಿ ಓದಿನಲ್ಲೂ ಅದೇ ತಪ್ಪು ಬರುತ್ತದೆ. ರೀಸ್ಟಾರ್ಟ್ ಮಾಡಿದಾಗ ರ‍್ಯಾಮ್ ಖಾಲಿಯಾಗಿ ಹೊಸದಾಗಿ ಓದುತ್ತದೆ. ಹಾಗಾಗಿ ಒಂದೇ ಸಲ ಕೂತು ಹತ್ತು ಹ್ಯಾಶ್ ತೆಗೆದು "ಎಲ್ಲ ಒಂದೇ ಇದೆ" ಅಂತ ಸಮಾಧಾನ ಪಟ್ಟುಕೊಳ್ಳಬಾರದು. ನಡುವೆ ರೀಸ್ಟಾರ್ಟ್ ಬೇಕು.

90 ಜಿಬಿ ಗೇಮ್ 32 ಜಿಬಿ ರ‍್ಯಾಮ್‌ನಲ್ಲಿ ಹಿಡಿಯುವುದಿಲ್ಲ. ಅದಕ್ಕೇ ಪ್ರತಿ ವೆರಿಫೈನಲ್ಲೂ ಹೊಸದಾಗಿ ಓದು, ಹೊಸ ತಪ್ಪು, ಹೊಸ ಫೈಲ್ ಹೆಸರು.

ಡ್ರೈವ್ ಮೇಲಿನ ಅನುಮಾನ ಇನ್ನೂ ಪೂರ್ತಿ ಹೋಗಿರಲಿಲ್ಲ. ಕ್ರಿಸ್ಟಲ್‌ಡಿಸ್ಕ್‌ಇನ್ಫೋದಲ್ಲಿ ಎಸ್‌ಎಸ್‌ಡಿಯ ಆರೋಗ್ಯ ಚೆನ್ನಾಗಿತ್ತು, ಮೀಡಿಯಾ ಮತ್ತು ಡೇಟಾ ಇಂಟೆಗ್ರಿಟಿ ಎರರ್ ಸೊನ್ನೆ. ಚೆಕ್‌ಡಿಸ್ಕ್ ಕೂಡ ಏನೂ ಹೇಳಲಿಲ್ಲ. ಆಗ ಅವನ ಹತ್ತಿರ ಇದ್ದ ಎಕ್ಸ್‌ಟರ್ನಲ್ ಹಾರ್ಡ್ ಡಿಸ್ಕ್ ನೆನಪಾಯಿತು. ಅದರಲ್ಲಿದ್ದ ಹಳೆಯ ದೊಡ್ಡ ಬ್ಯಾಕಪ್ ಫೈಲ್‌ನ ಹ್ಯಾಶ್ ತೆಗೆಸಿದೆ, ರೀಸ್ಟಾರ್ಟ್ ಮಾಡಿಸಿ ಮತ್ತೆ ತೆಗೆಸಿದೆ. ನಾಲ್ಕನೇ ರೀಸ್ಟಾರ್ಟ್‌ನಲ್ಲಿ ಅದೂ ಬದಲಾಯಿತು. ಎರಡು ಬೇರೆ ಡ್ರೈವ್‌ಗಳು ಒಂದೇ ವಾರದಲ್ಲಿ ಒಂದೇ ರೀತಿ ಕೆಡುವುದು ನಂಬುವ ಮಾತಲ್ಲ. ಅಲ್ಲದೆ ಡ್ರೈವ್‌ಗಳು ಒಳಗೇ ತಪ್ಪು ತಿದ್ದುವ ಕೋಡ್ ಇಟ್ಟುಕೊಂಡಿರುತ್ತವೆ. ತಿದ್ದಲಾಗದ ತಪ್ಪು ಬಂದರೆ ಸಾಮಾನ್ಯವಾಗಿ ಓದಲು ಆಗಲಿಲ್ಲ ಅಂತ ಹೇಳುತ್ತವೆ. ಮನೆಯ ಕಂಪ್ಯೂಟರ್‌ಗಳಲ್ಲಿ ಇರುವ ಇಸಿಸಿ (ತಪ್ಪು ತಿದ್ದುವ ಕೋಡ್) ಇಲ್ಲದ ರ‍್ಯಾಮ್‌ಗೆ ಆ ಶಕ್ತಿ ಇಲ್ಲ. ಅದು ತಪ್ಪನ್ನೂ ಸರಿಯ ಹಾಗೇ ಕೊಟ್ಟುಬಿಡುತ್ತದೆ.

ಆ ರಾತ್ರಿ ಅವನಿಗೆ ಹೇಳಿದೆ: ಇನ್ನು ವೆರಿಫೈ ಮಾಡಬೇಡ, ಯಾವ ಫೈಲನ್ನೂ ಕಾಪಿ ಮಾಡಬೇಡ, ವಿಂಡೋಸ್ ಅಪ್‌ಡೇಟ್ ನಿಲ್ಲಿಸು. ಡೌನ್‌ಲೋಡ್ ಆದ ತುಂಡು ಮೊದಲು ರ‍್ಯಾಮ್‌ಗೆ ಬರುತ್ತದೆ. ಅಲ್ಲೇ ಬಿಚ್ಚಿಕೊಂಡು, ಅಲ್ಲಿಂದ ಡ್ರೈವ್‌ಗೆ ಹೋಗುತ್ತದೆ. ರ‍್ಯಾಮ್ ತಪ್ಪು ಮಾಡುತ್ತಿದ್ದರೆ ಲಾಂಚರ್ ಸರಿ ಇರುವ ಫೈಲನ್ನು ಕೆಟ್ಟಿದೆ ಅಂದುಕೊಂಡು, ಅದರ ಮೇಲೆ ನಿಜವಾಗಿಯೂ ಕೆಟ್ಟ ಪ್ರತಿಯನ್ನು ಬರೆದುಬಿಡಬಹುದು. ಅವನು ವಾರವಿಡೀ ಮಾಡುತ್ತಿದ್ದ ರಿಪೇರಿಯಿಂದ ಹೀಗೇ ಒಂದಷ್ಟು ಫೈಲ್ ಕೆಟ್ಟಿದ್ದು ಆಮೇಲೆ ಗೊತ್ತಾಯಿತು.

"ಕಂಪ್ಯೂಟರ್ ಬಿಚ್ಚಿದ್ಯಾ?"

ಮೊದಲ ದಿನವೇ ನಾನು ಕೇಳಿದ್ದೆ, "ಹೊಸದಾಗಿ ಏನಾದ್ರೂ ಹಾಕಿದ್ಯಾ?" ಅಂತ. "ಏನೂ ಹಾಕಿಲ್ಲ ಮಾಮ" ಅಂದಿದ್ದ. ಅವನು ಸಾಫ್ಟ್‌ವೇರ್ ಅಂದುಕೊಂಡಿದ್ದ. ಈಗ ಬೇರೆ ಥರ ಕೇಳಿದೆ: "ಈಚೆಗೆ ಕಂಪ್ಯೂಟರ್ ಬಿಚ್ಚಿದ್ಯಾ?"

"ಹೂಂ, ಐದು ವಾರ ಆಯ್ತು. ರ‍್ಯಾಮ್ ಜಾಸ್ತಿ ಮಾಡ್ದೆ. ಆದ್ರೆ ಅದು ಆವತ್ತಿಂದ ಚೆನ್ನಾಗೇ ಇದೆಯಲ್ಲ."

8 ಜಿಬಿಯ ಎರಡು ಸ್ಟಿಕ್ ಇದ್ದವು, ಅದೇ ಕಂಪನಿಯ ಅದೇ ಮಾದರಿಯ ಇನ್ನೆರಡು ತಂದು ಹಾಕಿದ್ದ. ಒಟ್ಟು ನಾಲ್ಕು. ಬಯಾಸ್‌ನಲ್ಲಿ (ಕಂಪ್ಯೂಟರ್ ಶುರುವಾಗುವಾಗಿನ ಸೆಟ್ಟಿಂಗ್ಸ್) ಎಕ್ಸ್‌ಎಂಪಿ, ಅಂದರೆ ರ‍್ಯಾಮನ್ನು ಹೆಚ್ಚು ವೇಗದಲ್ಲಿ ಓಡಿಸುವ ಸೆಟ್ಟಿಂಗ್, ಆನ್; ವೇಗ 3600. ಹಳೆಯ ಎರಡು ಸ್ಟಿಕ್ ಅದೇ ವೇಗದಲ್ಲಿ ಒಂದು ವರ್ಷ ಓಡಿದ್ದವು. ಅದಕ್ಕೇ ಅವನಿಗೆ ಅನುಮಾನವೇ ಬಂದಿರಲಿಲ್ಲ. ಅವನದು ತಪ್ಪಲ್ಲ. ನಾನು ಪ್ರಶ್ನೆಯನ್ನು ಬಿಡಿಸಿ ಕೇಳಬೇಕಿತ್ತು.

ಚೆನ್ನಾಗೇ ಇದೆ ಅಂತ ಅನ್ನಿಸುವುದಕ್ಕೂ ಕಾರಣವಿದೆ. ವಿಡಿಯೋ ನೋಡುವಾಗ ಒಂದು ಬಿಟ್ ತಪ್ಪಿದರೆ ಕಣ್ಣಿಗೆ ಕಾಣುವುದೇ ಇಲ್ಲ. ಬ್ರೌಸರ್‌ನ ಒಂದು ಟ್ಯಾಬ್ ಬಿದ್ದರೆ ಮತ್ತೆ ತೆರೆಯುತ್ತೇವೆ, ಮರೆಯುತ್ತೇವೆ. ಆದರೆ 90 ಜಿಬಿ ಅಂದರೆ 72,000 ಕೋಟಿ ಬಿಟ್. ಅಷ್ಟನ್ನೂ ಒಂದೂ ತಪ್ಪದೆ ಓದಿ ಹ್ಯಾಶ್ ತಾಳೆಯಾಗಬೇಕು. ಗೇಮ್‌ನ ಫೈಲ್‌ಗಳು ಒತ್ತಿ ಕುಗ್ಗಿಸಿ ಇಟ್ಟವು ಬೇರೆ. ಅದರಲ್ಲಿ ಒಂದು ಬಿಟ್ ತಪ್ಪಿದರೆ ಆ ಭಾಗವೇ ಬಿಚ್ಚಿಕೊಳ್ಳದೆ ಹೋಗಬಹುದು. ಕಂಪ್ಯೂಟರ್‌ನ ತೊಂದರೆ ಮೊದಲು ಗೇಮ್‌ನಲ್ಲಿ ಕಾಣಿಸಿಕೊಂಡಿದ್ದು ಹೀಗೆ.

ಮೆಮ್‌ಟೆಸ್ಟ್‌ನಲ್ಲಿ ಕಳೆದ ರಾತ್ರಿಗಳು

ಆರನೇ ದಿನ ನಾನೇ ಹೋದೆ. ಮೊದಲು ವಿಂಡೋಸ್ ಮೆಮೊರಿ ಡಯಾಗ್ನೋಸ್ಟಿಕ್ ಓಡಿಸಿದೆವು. ತೊಂದರೆ ಇಲ್ಲ ಅಂದಿತು. ಇಲ್ಲಿಗೇ ಎಷ್ಟೋ ಜನ ರ‍್ಯಾಮ್ ಚೆನ್ನಾಗಿದೆ ಅಂತ ಮುಂದೆ ಹೋಗಿಬಿಡುತ್ತಾರೆ. ಅದು ಫೇಲ್ ಅಂದರೆ ನಂಬಬಹುದು, ಪಾಸ್ ಅಂದರೆ ನಂಬಿ ಕೂರಬಾರದು.

ಪೆನ್ ಡ್ರೈವ್‌ಗೆ ಮೆಮ್‌ಟೆಸ್ಟ್86ಪ್ಲಸ್ ಹಾಕಿ ಅದರಿಂದ ಬೂಟ್ ಮಾಡಿದೆವು. ಇದು ಉಚಿತ. ವಿಂಡೋಸ್ ಹೊರಗೆ ಓಡುವುದರಿಂದ ಹೆಚ್ಚು ಕಡಿಮೆ ಪೂರ್ತಿ ರ‍್ಯಾಮನ್ನು ಪರೀಕ್ಷಿಸುತ್ತದೆ. ಮೊದಲ ಸುತ್ತು ಪಾಸ್. ಅವನ ಮುಖ ಸಪ್ಪಗಾಯಿತು. ಇನ್ನೂ ಓಡಲಿ ಬಿಡು ಅಂದೆ. ಎರಡನೇ ಸುತ್ತು ಮುಗಿಯುತ್ತಾ ಬಂದಾಗ ಕೆಂಪು ಸಾಲು ಬಂತು. ಪರೀಕ್ಷೆಗೆಂದು ರ‍್ಯಾಮ್‌ಗೆ ಬರೆದಿದ್ದು ಎಂಟು ಎಫ್. ಓದಿದಾಗ ಸಿಕ್ಕಿದ್ದು ಏಳು ಎಫ್, ಕೊನೆಯಲ್ಲಿ ಒಂದು ಬಿ. ಎಫ್ ಅಂದರೆ 1111, ಬಿ ಅಂದರೆ 1011. ಒಂದೇ ಒಂದು ಬಿಟ್.

ಯಾವ ಸ್ಟಿಕ್ ಕೆಟ್ಟಿದೆ ಅಂತ ತಿಳಿಯಲು ಒಂದೊಂದನ್ನೇ ಹಾಕಿ ಪರೀಕ್ಷಿಸಿದೆವು. ಇಲ್ಲಿ ಅವಸರ ಮಾಡಬಾರದು. ಎರಡು ರಾತ್ರಿ ಮತ್ತು ಒಂದು ಹಗಲು ಹೋಯಿತು. ನಾಲ್ಕೂ ಒಂಟಿಯಾಗಿ 3600 ವೇಗದಲ್ಲಿ ಪಾಸಾದವು! ನಾಲ್ಕನ್ನೂ ಸೇರಿಸಿ ಹಾಕಿದರೆ ಮಾತ್ರ ಫೇಲ್. ಎಕ್ಸ್‌ಎಂಪಿ ಆಫ್ ಮಾಡಿದರೆ ನಾಲ್ಕೂ ಸೇರಿ ರಾತ್ರಿಯೆಲ್ಲಾ ಒಂದೂ ತಪ್ಪಿಲ್ಲದೆ ಓಡಿದವು.

ಅಂದರೆ ಯಾವ ಸ್ಟಿಕ್ಕೂ ಕೆಟ್ಟಿರಲಿಲ್ಲ. ರ‍್ಯಾಮ್ ಕಿಟ್ (ಒಂದೇ ಪ್ಯಾಕ್‌ನಲ್ಲಿ ಬರುವ ಸ್ಟಿಕ್‌ಗಳು) ಮೇಲೆ ಬರೆದಿರುವ ವೇಗ ಆ ಒಂದು ಕಿಟ್‌ಗೆ ಪರೀಕ್ಷಿಸಿ ಹೇಳಿದ್ದು. ಎರಡು ಕಿಟ್ ಸೇರಿಸಿದರೆ, ಮಾದರಿ ಒಂದೇ ಇದ್ದರೂ, ಆ ಮಾತು ಲೆಕ್ಕಕ್ಕೆ ಬರುವುದಿಲ್ಲ. ನಾಲ್ಕು ಸ್ಟಿಕ್ ಇದ್ದಾಗ ಪ್ರೊಸೆಸರ್ ಒಳಗಿನ ಮೆಮೊರಿ ಕಂಟ್ರೋಲರ್ ಮೇಲೆ ಹೊರೆಯೂ ಜಾಸ್ತಿ. ಎಕ್ಸ್‌ಎಂಪಿ ಅನ್ನುವುದೇ ಸಾಮಾನ್ಯ ವೇಗಕ್ಕಿಂತ ಮೇಲೆ ಓಡಿಸುವ ಸೆಟ್ಟಿಂಗ್. ಡಿಡಿಆರ್4 ಮಾದರಿಯ ರ‍್ಯಾಮ್‌ನ ಮಾಮೂಲಿ ವೋಲ್ಟೇಜ್ 1.2, ಎಕ್ಸ್‌ಎಂಪಿಯಲ್ಲಿ ಸಾಮಾನ್ಯವಾಗಿ 1.35. ಎಲ್ಲಿಯವರೆಗೆ ತಡೆಯುತ್ತದೆ ಅನ್ನುವುದು ಆಯಾ ಕಂಪ್ಯೂಟರ್‌ಗೆ ಬಿಟ್ಟಿದ್ದು.

ರ‍್ಯಾಮ್ ಎಲ್ಲಾ ಪಾಸಾಗಿಯೂ ಹ್ಯಾಶ್ ಬದಲಾಗುತ್ತಿದ್ದರೆ ಮುಂದೆ ನೋಡಬೇಕಾದ್ದು ಪ್ರೊಸೆಸರ್. 2024ರಲ್ಲಿ ಇಂಟೆಲ್‌ನ 13 ಮತ್ತು 14ನೇ ತಲೆಮಾರಿನ ಕೆಲವು ಡೆಸ್ಕ್‌ಟಾಪ್ ಪ್ರೊಸೆಸರ್‌ಗಳ ಅಸ್ಥಿರತೆ ಸುದ್ದಿಯಾಗಿತ್ತು. ಅಲ್ಲೂ ಗೇಮ್‌ಗಳು ಫೈಲ್ ಬಿಚ್ಚಿಕೊಳ್ಳುವಾಗ ಎರರ್ ಕೊಡುತ್ತಿದ್ದವು. ಅದಕ್ಕೆ ಬಯಾಸ್ ಅಪ್‌ಡೇಟ್ ಮೂಲಕ ಹೊಸ ಮೈಕ್ರೊಕೋಡ್ (ಪ್ರೊಸೆಸರ್ ಒಳಗಿನ ಸೂಚನೆಗಳು) ಬಂತು. ನಮ್ಮ ಪ್ರಕರಣದಲ್ಲಿ ಅಲ್ಲಿಯವರೆಗೆ ಹೋಗಬೇಕಾಗಲಿಲ್ಲ.

ಎರಡು ದಾರಿ ಇದ್ದವು. ಎರಡು ಸ್ಟಿಕ್ ತೆಗೆದು 3600ರಲ್ಲೇ ಇರುವುದು, ಇಲ್ಲವೇ ನಾಲ್ಕನ್ನೂ ಇಟ್ಟುಕೊಂಡು ವೇಗ ಇಳಿಸುವುದು. ಅವನಿಗೆ 32 ಜಿಬಿ ಬೇಕಿತ್ತು. 3200ಕ್ಕೆ ಇಳಿಸಿ, ಇನ್ನೊಂದು ರಾತ್ರಿ ಪೂರ್ತಿ ಮೆಮ್‌ಟೆಸ್ಟ್ ಓಡಿಸಿದೆವು. ಒಂದೂ ಕೆಂಪು ಸಾಲು ಬರಲಿಲ್ಲ. 6 ಜಿಬಿ ಫೈಲ್‌ನ ಹ್ಯಾಶನ್ನು ರೀಸ್ಟಾರ್ಟ್ ಮಾಡುತ್ತಾ ಹತ್ತು ಸಲ ತೆಗೆದೆವು. ಹತ್ತೂ ಒಂದೇ.

ಆಮೇಲಿನ ಕೆಲಸ

ಆಗ ಮಾತ್ರ ವೆರಿಫೈ ಒತ್ತಿದೆವು. ಐದು ಫೈಲ್ ಫೇಲ್ ಆದವು. ಇವು ಹಿಂದಿನ ರಿಪೇರಿಗಳಲ್ಲಿ ನಿಜವಾಗಿಯೂ ಕೆಟ್ಟು ಬರೆಯಲ್ಪಟ್ಟವು. ಮತ್ತೆ ಇಳಿದವು. ಇನ್ನೊಂದು ಸಲ ವೆರಿಫೈ, ಸೊನ್ನೆ. ಗೇಮ್ ತೆರೆಯಿತು.

ಅವನು ಅಲ್ಲಿಗೆ ಕೆಲಸ ಮುಗೀತು ಅಂದುಕೊಂಡ. ನನಗೆ ನಿಜವಾದ ಚಿಂತೆ ಆಗ ಶುರುವಾಯಿತು. ಐದು ವಾರ ಆ ರ‍್ಯಾಮ್ ಮೂಲಕ ಹೋಗಿದ್ದು ಗೇಮ್ ಒಂದೇನಾ? ಗೇಮನ್ನು ಮತ್ತೆ ಇಳಿಸಬಹುದು. ಉಳಿದದ್ದನ್ನು?

ವಿಂಡೋಸ್ ತನ್ನ ಫೈಲ್‌ಗಳನ್ನು ತಾನೇ ಪರೀಕ್ಷಿಸುವ ಎಸ್‌ಎಫ್‌ಸಿ ಸ್ಕ್ಯಾನ್‌ನೌ ಕಮಾಂಡ್ ಓಡಿಸಿದೆವು. ವಿಂಡೋಸ್‌ನ ಕೆಲವು ಫೈಲ್ ಕೆಟ್ಟಿದ್ದವು, ಅದೇ ಸರಿಮಾಡಿತು. ಆಮೇಲೆ ಆ ಐದು ವಾರದಲ್ಲಿ ಅವನು ಎಲ್ಲಿಂದ ಎಲ್ಲಿಗೆ ಏನೇನು ಕಾಪಿ ಮಾಡಿದ್ದ ಅಂತ ಕೂತು ನೆನಪಿಸಿಕೊಂಡೆವು. ಫೋನ್‌ನಿಂದ ಹಾಕಿಕೊಂಡ ಫೋಟೋಗಳು ಫೋನ್‌ನಲ್ಲಿ ಇನ್ನೂ ಇದ್ದವು. ಅವನ್ನು ಮತ್ತೆ ಕಾಪಿ ಮಾಡಿಕೊಂಡ. ಕಾಲೇಜಿನ ಪ್ರಾಜೆಕ್ಟ್‌ಗಳನ್ನು ಜಿಪ್ ಮಾಡಿ ಎಕ್ಸ್‌ಟರ್ನಲ್ ಡಿಸ್ಕ್‌ಗೆ ಹಾಕಿದ್ದ. ಜಿಪ್ ಫೈಲ್ ಒಳಗೇ ಪ್ರತಿ ಫೈಲ್‌ಗೂ ಒಂದು ಸಿಆರ್‌ಸಿ ಲೆಕ್ಕ (ಹ್ಯಾಶ್‌ನಂಥದ್ದೇ) ಇರುತ್ತದೆ. ಸೆವೆನ್‌ಜಿಪ್‌ನಲ್ಲಿ ಟೆಸ್ಟ್ ಅಂತ ಒತ್ತಿದರೆ ಡ್ರೈವ್‌ಗೆ ಬಿಚ್ಚಿ ಇಡದೆಯೇ ತಾಳೆ ನೋಡಿ ಹೇಳುತ್ತದೆ.

ಹನ್ನೊಂದು ಜಿಪ್‌ಗಳಲ್ಲಿ ಹತ್ತು ಸರಿ ಇದ್ದವು. ಹನ್ನೊಂದನೆಯದು ಸಿಆರ್‌ಸಿ ಎರರ್ ತೋರಿಸಿತು. ಅದರಲ್ಲಿದ್ದದ್ದು ಅವನ ಕೊನೆಯ ವರ್ಷದ ಪ್ರಾಜೆಕ್ಟ್. ಮೂಲ ಫೋಲ್ಡರನ್ನು ಜಾಗ ಉಳಿಸಲು ಅಳಿಸಿಬಿಟ್ಟಿದ್ದ. ಇಬ್ಬರೂ ಸ್ವಲ್ಪ ಹೊತ್ತು ಮಾತಾಡಲಿಲ್ಲ. ಆಮೇಲೆ ಅವನೇ ಎದ್ದು ಹೋಗಿ ಬ್ಯಾಗ್ ಎಲ್ಲಾ ಹುಡುಕಿದ. ರ‍್ಯಾಮ್ ಹಾಕುವ ಮುಂಚೆ ಗೆಳೆಯನಿಗೆ ಕೊಡಲು ಅಂತ ಕಾಪಿ ಮಾಡಿದ್ದ ಹಳೆಯ ಪೆನ್ ಡ್ರೈವ್ ತಂದ. ಅದರಲ್ಲಿ ಪ್ರಾಜೆಕ್ಟ್ ಪೂರ್ತಿ ಇತ್ತು. ಎರಡು ಕಡೆ ಕಾಪಿ ಮಾಡಿ, ಎರಡರ ಹ್ಯಾಶನ್ನೂ ತೆಗೆದು ಮೂಲದ ಜೊತೆ ತಾಳೆ ನೋಡಿದ ಮೇಲೆಯೇ ನಾನು ಅಲ್ಲಿಂದ ಹೊರಟೆ.